ತಾತ್ಯಾರ ತುಟಿ, ಮುರಲೀಧರರ ಕತ್ತರಿ

ಕೊಲ್ಹಾಪುರದ ಮಂಗಳವಾರ ಪೇಠೆಯಲ್ಲಿ ಒಂದು ಕಟ್ಟಿಗೆ ಅಡ್ಡೆಯಿತ್ತು. ಅದರ ಮಹಡಿಯ ಮೇಲಿನ ಕೋಣೆಯಲ್ಲಿ ಮುರಲೀಧರ ತಾಯಶೇಟೆ ಮರಾಠಿ ಸಿನಿಮಾಗಳನ್ನು ಕತ್ತರಿಸಿ ಜೋಡಿಸುತ್ತಿದ್ದರು. ಕೆಳಗೆ ಗರಗಸ ಓಡುವಷ್ಟು ಹೊತ್ತು ಮೇಲೆ ಧ್ವನಿಯ ಕೆಲಸ ಸಾಧ್ಯವಿರಲಿಲ್ಲ. ಆಗ ಅವರು ಚಿತ್ರವನ್ನಷ್ಟೇ ನೋಡಿ ಕತ್ತರಿಸುತ್ತಿದ್ದರು. ಕಟ್ಟಿಗೆಯವರು ಊಟಕ್ಕೆ ಹೋದಾಗ ಮಾತು ಕೇಳಿಸಿಕೊಳ್ಳುತ್ತಿದ್ದರು. ಇದರಿಂದ ತಮಗೆ ಒಳ್ಳೆಯದೇ ಆಯಿತು ಎಂದು ಅವರು ಹೇಳುತ್ತಿದ್ದರು. ಮಾತಿಲ್ಲದೆ ನೋಡಿದಾಗ ನಟ ಎಲ್ಲಿ ಸುಳ್ಳು ಆಡುತ್ತಾನೆ ಎಂಬುದು ಬೇಗ ಗೊತ್ತಾಗುತ್ತದೆ ಎಂಬುದು ಅವರ ಲೆಕ್ಕ.

ತಂದೆಗೆ ಕಿರಾಣಿ ಅಂಗಡಿಯಿತ್ತು. ಮಗ ಸಾಸಿವೆ ಜೀರಿಗೆ ತೂಗಲು ಒಪ್ಪದೆ ಸ್ಟುಡಿಯೋ ಸೇರಿದ. ಮೊದಲು ಫಿಲ್ಮ್ ತೊಳೆಯುವ ಕೆಲಸ, ಆಮೇಲೆ ಅಂಟಿಸುವ ಕೆಲಸ. ತುಂಡಿನ ಅಂಚನ್ನು ಬ್ಲೇಡಿನಿಂದ ಕೆರೆದು, ಸಿಮೆಂಟು ಎಂದು ಕರೆಯುವ ಫಿಲ್ಮಿನ ಅಂಟು ಹಚ್ಚಿ, ಇನ್ನೊಂದು ತುಂಡಿನ ಮೇಲೆ ಒತ್ತಿ ಹಿಡಿಯಬೇಕು. ಸ್ವಲ್ಪ ಹೆಚ್ಚು ಕೆರೆದರೆ ಪ್ರೊಜೆಕ್ಟರಿನಲ್ಲಿ ಹರಿಯುತ್ತದೆ, ಕಡಿಮೆ ಕೆರೆದರೆ ಬಿಚ್ಚಿಕೊಳ್ಳುತ್ತದೆ. ಆ ಸಿಮೆಂಟಿನ ವಾಸನೆ ಮುರಲೀಧರರ ಬೆರಳುಗಳಿಂದ ಎಂದೂ ಹೋಗಲಿಲ್ಲ. ಅವರು ಕೈಯಾರೆ ಮಸಾಲೆ ಕಲಸಿದ ಮಿಸಳ್ ಅನ್ನು ಮನೆಯಲ್ಲಿ ಯಾರೂ ಮುಟ್ಟುತ್ತಿರಲಿಲ್ಲ.

ಸ್ಟುಡಿಯೋ ದಿನಗಳು ಮುಗಿದ ಮೇಲೆ ಅವರು ಹಳೆಯ ಎಡಿಟಿಂಗ್ ಟೇಬಲೊಂದನ್ನು ಕೊಂಡು ಕಟ್ಟಿಗೆ ಅಡ್ಡೆಯ ಮೇಲೆ ಕೂತರು. ತಮಾಶಾ ಮೇಳದ ಕುಣಿತದವರ ಕಥೆ, ಪಾಟೀಲರ ಜಗಳದ ಕಥೆ, ಅತ್ತೆ ಸೊಸೆಯ ಕಥೆ ಎಲ್ಲವೂ ಆ ಟೇಬಲ್ ಮೇಲೆ ಹಾದು ಹೋದವು. ಅವರ ಹೆಸರು ನಿಂತದ್ದು ಒಂದು ಕಾರಣಕ್ಕೆ. ಮುರಲೀಧರರ ರೀಲಿನಲ್ಲಿ ತುಟಿ ತಪ್ಪುವುದಿಲ್ಲ ಎನ್ನುತ್ತಿದ್ದರು.

ಆ ಕಾಲದ ಮರಾಠಿ ಸಿನಿಮಾ ಬಹುಮಟ್ಟಿಗೆ ಬಯಲಿನಲ್ಲಿ ಚಿತ್ರೀಕರಣವಾಗುತ್ತಿತ್ತು. ಕ್ಯಾಮೆರಾ ಹಿಟ್ಟಿನ ಗಿರಣಿಯಂತೆ ಸದ್ದು ಮಾಡುತ್ತಿತ್ತು. ಅದಕ್ಕಾಗಿ ಮಾತನ್ನೆಲ್ಲ ಆಮೇಲೆ ಮುಂಬೈಯಲ್ಲಿ ಡಬ್ಬಿಂಗ್ ಮಾಡುತ್ತಿದ್ದರು. ನಟ ಪರದೆಯ ಮೇಲೆ ತನ್ನ ಬಾಯಿ ನೋಡಿಕೊಂಡು ಅದಕ್ಕೆ ಸರಿಯಾಗಿ ಮಾತಾಡಬೇಕು. ಚಿತ್ರೀಕರಣದ ವೇಳೆ ಏನು ಹೇಳಿದ್ದ ಎಂಬುದು ನೆನಪಿರಲಿ ಎಂದು ಸ್ಥಳದಲ್ಲೇ ಒಂದು ಟೇಪನ್ನೂ ಓಡಿಸುತ್ತಿದ್ದರು. ಗಾಳಿ, ಕಾಗೆ, ಕ್ಯಾಮೆರಾದ ಗರಗರ, ನಡುವೆ ಎಲ್ಲೋ ಮಾತು ಎಂಬಂಥ ಟೇಪು ಅದು. ಅದನ್ನು ಕಿವಿಗೆ ಹಾಕಿಕೊಂಡು ನಟರು ಡಬ್ಬಿಂಗ್ ಮಾಡುತ್ತಿದ್ದರು. ಕೆಲಸ ಮುಗಿದ ಮೇಲೆ ಟೇಪನ್ನು ಅಳಿಸಿ ಮುಂದಿನ ಚಿತ್ರೀಕರಣಕ್ಕೆ ಕಳಿಸುವುದು ಪದ್ಧತಿ. ಟೇಪಿಗೆ ಯಾವಾಗಲೂ ಬರಗಾಲ. ಅಳಿಸುವ ಯಂತ್ರ ಮುರಲೀಧರರ ಕೋಣೆಯಲ್ಲೇ ಇತ್ತು. ಆಮೇಲೂ ಮಾತು ತುಟಿಗಿಂತ ಕೂದಲೆಳೆಯಷ್ಟು ಹಿಂದೆ ಮುಂದೆ ಆದರೆ ಅವರು ಫಿಲ್ಮಿನಿಂದ ಅಲ್ಲೊಂದು ಫ್ರೇಮು ಇಲ್ಲೊಂದು ಫ್ರೇಮು ತೆಗೆದು ಕೂಡಿಸುತ್ತಿದ್ದರು.

ಈ ತುಟಿಯ ಹೆಸರನ್ನು ಕೆಡಿಸಲೆಂದೇ ಹುಟ್ಟಿದವರಂತೆ ಇದ್ದವರು ರಘುನಾಥ ಚಿಖಲೀಕರ. ಊರೆಲ್ಲ ಅವರನ್ನು ತಾತ್ಯಾ ಎನ್ನುತ್ತಿತ್ತು. ನಾಟಕ ಕಂಪನಿಗಳಲ್ಲಿ ಬೆಳೆದು ಸಿನಿಮಾಕ್ಕೆ ಬಂದವರು. ನಾಯಕನಾಗಲಿಲ್ಲ; ಅಪ್ಪ, ಹವಾಲ್ದಾರ, ಪೋಸ್ಟ್‌ಮನ್, ಪೂಜಾರಿ ಆದರು. ಇತರರ ಜತೆ ನಿಂತಾಗ ಬರೆದ ಮಾತನ್ನು ಅಕ್ಷರ ಬಿಡದೆ ಆಡುತ್ತಿದ್ದರು. ಒಬ್ಬರೇ ಇರುವ ಶಾಟಿನಲ್ಲಿ, ಅದರಲ್ಲೂ ಕ್ಯಾಮೆರಾ ದೂರವಿದ್ದಾಗ, ಅವರ ತುಟಿ ಬೇರೇನನ್ನೋ ಆಡುತ್ತಿತ್ತು. ಬರಹಗಾರನ ಪುಟದಲ್ಲಿ ಒಂದು ಸಾಲಿದ್ದರೆ ತಾತ್ಯಾರ ಬಾಯಿ ಮೂರು ಸಾಲಿನಷ್ಟು ಆಡಿರುತ್ತಿತ್ತು. ಮುರಲೀಧರ ತಲೆ ಚಚ್ಚಿಕೊಳ್ಳುತ್ತಿದ್ದರು.

“ತಾತ್ಯಾ, ನಿಮ್ಮ ಬಾಯಿ ಸಾಂಗ್ಲಿಗೆ ಹೊಂಟಿರ್ತದ, ಮಾತು ಸಾತಾರಾಕ್ಕ ಹೊಂಟಿರ್ತದ” ಎಂದು ಬೈಯುತ್ತಿದ್ದರು.

“ಎರಡೂ ಕೂಡಸಾಕನ ನಿನ್ನ ಇಟ್ಟಾರಲ್ಲೋ ಮುರ್ಲ್ಯಾ” ಎನ್ನುತ್ತಿದ್ದರು ತಾತ್ಯಾ. “ನಾ ಎಲ್ಲಾ ಬರೋಬ್ಬರಿ ಮಾಡಿದ್ರ ನೀ ಹೋಗಿ ಅಪ್ಪನ ಅಂಗಡ್ಯಾಗ ಸಾಸಿವಿ ತೂಗಬೇಕಾಗ್ತದ.”

ಬೈದರೂ ಮುರಲೀಧರರಿಗೆ ತಾತ್ಯಾ ಎಂದರೆ ಪ್ರೀತಿ. ಡಬ್ಬಿಂಗ್ ಥಿಯೇಟರಿನಲ್ಲಿ ಅವರಂಥವರು ಇರಲಿಲ್ಲ. ಅವರು ಟೇಪನ್ನು ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ. ಪರದೆಯ ಮೇಲಿನ ತಮ್ಮ ಬಾಯಿಯನ್ನು ಒಂದೆರಡು ಸಲ ನೋಡಿ, ಪುಟದ ಸಾಲನ್ನು ಎಳೆದು, ಮಡಚಿ, ನಡುವೆ ಒಂದು ಕೆಮ್ಮು, ಒಂದು ನಿಟ್ಟುಸಿರು ಸೇರಿಸಿ ತುಟಿಯೊಳಗೆ ಕೂರಿಸಿಬಿಡುತ್ತಿದ್ದರು. ನನ್ನ ಟೇಪು ಇಟ್ಟುಕೊಂಡು ಏನು ಮಾಡುತ್ತೀ, ಅಳಿಸಿಬಿಡು, ಬೇರೆಯವರಿಗಾದರೂ ಆದೀತು ಎಂದು ಅವರೇ ಹೇಳುತ್ತಿದ್ದರು. ಹೀಗೆ ತಾತ್ಯಾ ಒಬ್ಬರೇ ಇರುವ ಶಾಟುಗಳ ಟೇಪನ್ನು ಕೇಳದೆಯೇ ಅಳಿಸುವುದು ಮುರಲೀಧರರಿಗೆ ರೂಢಿಯಾಯಿತು. ಟೇಪು ಬಂದ ದಿನವೇ ಅದು ಯಂತ್ರದ ಮೇಲೆ ಹೋಗುತ್ತಿತ್ತು.

ತಾತ್ಯಾರ ಹೆಂಡತಿ ತಾನೂಬಾಯಿಗೆ ಕಿವಿ ಕೇಳುತ್ತಿರಲಿಲ್ಲ. ಎರಡನೆಯ ಮಗುವಿನ ಬಾಣಂತಿತನದಲ್ಲಿ ವಿಷಮಜ್ವರ ಬಂದು ಕಿವಿ ಹೋಗಿತ್ತು. ಜನ ಅವರೆದುರು ನಿಂತು ನಿಧಾನವಾಗಿ ಮಾತಾಡಬೇಕು; ಆಗ ಅರ್ಧ ತಿಳಿಯುತ್ತಿತ್ತು. ಗಂಡನ ಮಾತು ಮಾತ್ರ ಅಂಗಳದ ಆಚೆ ನಿಂತು ಆಡಿದರೂ ಪೂರ್ತಿ ತಿಳಿಯುತ್ತಿತ್ತು. ಹಾಗಿದ್ದೂ ಅವರು ತಾತ್ಯಾರ ಒಂದು ಸಿನಿಮಾವನ್ನೂ ಬಿಡುತ್ತಿರಲಿಲ್ಲ. ಕಿವಿ ಕೇಳದಾಕೆ ಸಿನಿಮಾಕ್ಕೆ ಹೋಗಿ ಏನು ಮಾಡುತ್ತಾಳೆ ಎಂದು ಓಣಿಯವರು ನಗುತ್ತಿದ್ದರು. ಗಂಡನ ಮುಖ ನೋಡಿ ಬರುತ್ತಾಳೆ ಎಂದು ಮುರಲೀಧರ ಅಂದುಕೊಂಡಿದ್ದರು.

ತಾತ್ಯಾರ ಕೊನೆಯ ಸಿನಿಮಾ ಗರಡಿಮನೆಯ ಕಥೆ. ನಿರ್ಮಿಸಿದವರು ಬೆಲ್ಲದ ಅಡತಿ ವ್ಯಾಪಾರಿ ಧೋಂಡಿರಾಮ್ ಶೇಟ್. ನಿರ್ದೇಶಕ ಪ್ರತಾಪ ಮಂಡಲಿಕ, ವಯಸ್ಸಿನಲ್ಲಿ ಚಿಕ್ಕವನು, ಮೊದಲ ಸಿನಿಮಾ. ತಾತ್ಯಾರದು ಮುದಿ ಉಸ್ತಾದನ ಪಾತ್ರ. ಶಿಷ್ಯ ಮುನಿಸಿಕೊಂಡು ಬೇರೆ ಗರಡಿಗೆ ಹೋಗಿ ಅಲ್ಲಿಂದ ದೊಡ್ಡ ಕುಸ್ತಿ ಗೆಲ್ಲುತ್ತಾನೆ. ಆ ಸುದ್ದಿ ಬಂದ ಮೇಲೆ ಉಸ್ತಾದ ಖಾಲಿ ಗರಡಿಗೆ ಬಂದು, ಅಖಾಡದ ಕೆಂಪು ಮಣ್ಣಿನ ಅಂಚಿನಲ್ಲಿ ಕೂತು, ಮಣ್ಣಿನೊಡನೆ ಮಾತಾಡುತ್ತಾನೆ. ಸಿನಿಮಾ ಅಲ್ಲಿಗೆ ಮುಗಿಯುತ್ತದೆ.

ಪ್ರತಾಪ ಆ ದೃಶ್ಯಕ್ಕೆ ಮಾತು ಬರೆದಿರಲಿಲ್ಲ. ಆ ಮಣ್ಣಿಗೆ ಏನು ಹೇಳಬೇಕು ಅನ್ನಿಸುತ್ತದೋ ಅದನ್ನು ನೀವೇ ಹೇಳಿ ಎಂದು ತಾತ್ಯಾರನ್ನು ಕೂರಿಸಿ, ಟೇಪಿನ ಮೈಕನ್ನಷ್ಟೇ ಒಳಗಿಟ್ಟು ಎಲ್ಲರನ್ನೂ ಹೊರಗೆ ಕಳಿಸಿದ. ಕ್ಯಾಮೆರಾ ಕಿಟಕಿಯ ಆಚೆ ದೂರದಲ್ಲಿತ್ತು. ತಾತ್ಯಾ ಬಹಳ ಹೊತ್ತು ಮಾತಾಡಿದರು. ಒಂದು ಸಲ ನಕ್ಕರು, ಒಂದು ಸಲ ಮಣ್ಣನ್ನು ಹಿಡಿದು ಬಿಟ್ಟರು. ಹೊರಗೆ ನಿಂತವರಿಗೆ ಒಂದು ಮಾತೂ ಕೇಳಲಿಲ್ಲ. ಆದರೂ ಲೈಟಿನವರು ಸಹ ಕಣ್ಣೊರೆಸಿಕೊಂಡರು ಎಂದು ಪ್ರತಾಪ ಎಲ್ಲರಿಗೂ ಹೇಳಿಕೊಂಡು ತಿರುಗಿದ.

ಟೇಪು ಮಂಗಳವಾರ ಪೇಠೆಗೆ ಬಂತು. ಡಬ್ಬಿಯ ಮೇಲೆ ತಾತ್ಯಾ, ಒಬ್ಬರೇ, ಎಂದು ಬರೆದಿತ್ತು. ಮುರಲೀಧರ ಅಳಿಸಿದರು. ಡಬ್ಬಿಂಗಿಗೆ ಮುಂಬೈಗೆ ಹೋಗಬೇಕಿದ್ದ ವಾರ ತಾತ್ಯಾ ಬೆಳಿಗ್ಗೆ ಅಂಗಳದಲ್ಲಿ ಹಲ್ಲುಜ್ಜುತ್ತಾ ಕುಸಿದು ಕೂತವರು ಮತ್ತೆ ಏಳಲಿಲ್ಲ.

ಮಿಕ್ಕ ದೃಶ್ಯಗಳಿಗೆ ಬರೆದ ಮಾತಿತ್ತು, ಟೇಪೂ ಇತ್ತು. ಮೀರಜಿನ ಒಬ್ಬ ಅನುಕರಣ ಕಲಾವಿದ ತಾತ್ಯಾರ ದನಿಯನ್ನು ಚೆನ್ನಾಗಿ ತೆಗೆಯುತ್ತಿದ್ದ. ಅವನಿಂದ ಮಾತಾಡಿಸಿದರೆ ನಡೆಯುತ್ತಿತ್ತು. ಕೊನೆಯ ದೃಶ್ಯಕ್ಕೆ ಏನೂ ಇರಲಿಲ್ಲ. ಪ್ರತಾಪ ಬಂದು ಆ ಟೇಪು ಹಾಕಿ, ತಾತ್ಯಾ ಏನೆಂದರೋ ಕೇಳೋಣ ಎಂದಾಗ ಮುರಲೀಧರ ತಿರುಗಿ ನೋಡದೆ, ಟೇಪು ಖಾಲಿ ಬಂದಿದೆ ಎಂದುಬಿಟ್ಟರು. ರೆಕಾರ್ಡಿಂಗ್ ಮಾಡಿದವನು ಗುಂಡಿ ಒತ್ತಿಲ್ಲವೇನೋ ಎಂದೂ ಸೇರಿಸಿದರು. ಅವನು ಕೇರಳದವನು, ಮರಾಠಿ ಬಾರದವನು, ಆಗಲೇ ಬೇರೆ ಸಿನಿಮಾಕ್ಕೆಂದು ಮದ್ರಾಸಿಗೆ ಹೋಗಿದ್ದ. ಅವನಿಗೆ ಟ್ರಂಕ್ ಕಾಲ್ ಹೋಯಿತು. ತಾನು ಟೇಪು ಓಡಿಸಿದ್ದು ನಿಜ, ಆದರೆ ಮೀಟರಿನ ಮುಳ್ಳು ಎಷ್ಟು ಏರುತ್ತದೆಂದು ನೋಡುವುದು ತನ್ನ ಕೆಲಸ, ಮಾತಿನ ಅರ್ಥ ಯಾರು ಕೇಳುತ್ತಾರೆ ಎಂದು ಅವನು ಹೇಳಿದ. ಧೋಂಡಿರಾಮ್ ಶೇಟ್ ಅವನನ್ನು ಬಾಯಿಗೆ ಬಂದಂತೆ ಬೈದು ಫೋನಿಟ್ಟರು. ಆಗ ಮುರಲೀಧರ ಅಲ್ಲೇ ಕೂತು ಚಹಾ ಕುಡಿಯುತ್ತಿದ್ದರು.

ಪ್ರತಾಪ ಒಂದು ಮಾತು ಬರೆದ. ಮಣ್ಣೇ ನನ್ನ ತಾಯಿ, ಮಣ್ಣೇ ನನ್ನ ಮಗ ಎಂಬ ಧಾಟಿಯದು. ಮೀರಜಿನವನು ಅದನ್ನು ಗದ್ಗದಿಸಿ ಹೇಳಿದ. ತಾತ್ಯಾರ ಮುಖದ ಮೇಲೆ ಅದನ್ನು ಹಾಕಿ ನೋಡಿದರೆ ಬೊಂಬೆಯಾಟದಂತೆ ಕಾಣುತ್ತಿತ್ತು. ಮಾತು ಮುಗಿದ ಮೇಲೂ ತುಟಿ ಆಡುತ್ತಿತ್ತು. ಮುರಲೀಧರ ತಮಗೆ ಗೊತ್ತಿದ್ದ ಉಪಾಯ ಮಾಡಿದರು. ತಾತ್ಯಾ ಕೂತು ಬಾಯಿ ತೆರೆಯುವಷ್ಟು ಇಟ್ಟರು. ಆಮೇಲೆ ಮಣ್ಣು ಹಿಡಿದ ಕೈ, ಗೋಡೆಯ ಮೇಲೆ ಗುರುವಿನ ಫೋಟೋ, ಹಗ್ಗದ ಮೇಲೆ ಒಣಗುವ ಲಂಗೋಟಿ, ಕಿಟಕಿಯಲ್ಲಿ ಪಾರಿವಾಳ. ಮಾತು ಇವುಗಳ ಮೇಲೆ ಹರಿಯಿತು. ಕೊನೆಗೆ ತುಟಿ ಮುಚ್ಚಿದ ತಾತ್ಯಾ. ದೃಶ್ಯ ಸೊಗಸಾಗಿ ಬಂತು. ಶೇಟ್‌ಗೆ ಕಣ್ಣಲ್ಲಿ ನೀರು ಬಂತು. ಪ್ರತಾಪ ಮಾತ್ರ, ಆ ಮುಖವನ್ನು ಪೂರ್ತಿ ಇಡಲು ಆಗುವುದೇ ಇಲ್ಲವೇ ಎಂದು ಎರಡು ಸಲ ಕೇಳಿದ. ಕಥೆಗೆ ಹೀಗೇ ಚೆಂದ ಎಂದು ಮುರಲೀಧರ ಹೇಳಿದರು.

ಮರುದಿನ ರೀಲುಗಳು ಮುಂಬೈ ಲ್ಯಾಬಿಗೆ ಹೋಗಬೇಕಿದ್ದವು. ಅಲ್ಲಿ ಇದನ್ನು ನೋಡಿ ಮೂಲ ನೆಗೆಟಿವ್ ಕತ್ತರಿಸುತ್ತಾರೆ. ಅದಾದ ಮೇಲೆ ಬದಲಾಯಿಸುವಂತಿಲ್ಲ. ಕಳಿಸುವ ಮೊದಲು ತಾತ್ಯಾರ ಮನೆಯವರಿಗೆ ತೋರಿಸುವುದು ಮರ್ಯಾದೆ ಎಂದು ಪ್ರತಾಪ ತಾನೂಬಾಯಿಯನ್ನು ಕರೆದುಕೊಂಡು ಬಂದ. ಮುರಲೀಧರ ಕುರ್ಚಿ ಒರೆಸಿ ಕೂರಿಸಿದರು. ಎಡಿಟಿಂಗ್ ಟೇಬಲ್ಲಿನ ಗಾಜು ಅಂಗೈಯಗಲ. ತಾನೂಬಾಯಿ ಮೂಗು ತಾಗುವಷ್ಟು ಬಗ್ಗಿ ನೋಡಿದರು. ದೃಶ್ಯ ಮುಗಿಯಿತು. ಇಬ್ಬರೂ ಆಕೆ ಅಳುತ್ತಾರೆಂದು ಕಾಯುತ್ತಿದ್ದರು.

“ನಡುವ ಇವರನ್ನ ಯಾಕ ತಗದೀರಿ?” ಎಂದು ಕೇಳಿದರು ಅವರು. ಕಿವಿ ಇಲ್ಲದ್ದರಿಂದ ಅವರ ದನಿ ಯಾವಾಗಲೂ ದೊಡ್ಡದು. ಕೆಳಗೆ ಗರಗಸದವನು ತಲೆಯೆತ್ತಿ ನೋಡಿದ.

ಪ್ರತಾಪ ಅವರ ಮುಖದೆದುರು ಬಂದು, ಕಥೆಗೆ ಹಾಗೆ ಬೇಕಾಯಿತು ಎಂದು ನಿಧಾನವಾಗಿ ಹೇಳಿದ. ತಾನೂಬಾಯಿ ಅವನನ್ನು ಬಿಟ್ಟು ಮುರಲೀಧರರತ್ತ ತಿರುಗಿದರು.

“ಭಾವಜಿ, ಇವರು ಒಂದೊಂದ ಸಿನಿಮಾದಾಗೂ ನನಗ ಏನರ ಹೇಳತಾರ. ಒಬ್ಬರ ಇದ್ದಾಗ, ಕ್ಯಾಮೆರಾ ದೂರ ಇದ್ದಾಗ. ಆ ಮಾತು ಹೆಂಗೂ ಮುಂಬೈದಾಗ ಅಳಿಸಿ ಹೊಸಾದು ಹಾಕತಾರ, ನಿನಗಷ್ಟ ತಿಳೀತದ ಅಂತಿದ್ರು. ಪೋಸ್ಟ್‌ಮನ್ ಆಗಿದ್ರಲ್ಲ, ಸೈಕಲ್ ನೂಕ್ಕೋತ ಹೊಂಟಾಗ ‘ತಾನೂ, ಮಾಲವಣದ ಮೀನ ಚಲೋ ಅದ, ಖರೆ ನಿನ್ನ ಕೈರುಚಿ ಇಲ್ಲ’ ಅಂದಿದ್ರು. ಸುತ್ತಲ ಹೆಂಗಸರು ಸೆರಗಲೆ ಕಣ್ಣ ಒರಸಾಕತ್ತಿದ್ರು. ನಾ ನಗಾಕತ್ತಿದ್ದೆ.”

ತಾನೂಬಾಯಿ ಮತ್ತೆ ಗಾಜಿನತ್ತ ಬಗ್ಗಿದರು.

“ಈ ಸಲ ಬಾಳ ಹೇಳಿರಬೇಕು. ಶೂಟಿಂಗ್ ಮುಗಿಸಿ ಬಂದವರ ‘ಸಿನಿಮಾ ಬರಲಿ, ನಿನಗೊಂದು ಹೇಳೀನಿ’ ಅಂದಿದ್ರು.”

ಮುರಲೀಧರ ಡಬ್ಬಿಯಿಂದ ಕತ್ತರಿಸಿ ತೆಗೆದಿದ್ದ ತುಂಡನ್ನು ಹುಡುಕಿ ಟೇಬಲ್ಲಿಗೆ ಹಾಕಿ ಓಡಿಸಿದರು. ತಾನೂಬಾಯಿ ಕನ್ನಡಕ ತೆಗೆದು ನೋಡಿದರು, ಹಾಕಿ ನೋಡಿದರು. ಆ ಗಾಜಿನಲ್ಲಿ ತಾತ್ಯಾರ ಮುಖ ಹುಣಸೆ ಬೀಜದಷ್ಟಿತ್ತು. ತುಟಿ ತಿಳಿಯುತ್ತಿಲ್ಲ, ಥಿಯೇಟರಿಗೆ ಬಂದಾಗ ದೊಡ್ಡ ಪರದೆಯ ಮೇಲೆ ನೋಡುತ್ತೇನೆ ಎಂದು ಎದ್ದರು. ಮೆಟ್ಟಿಲು ಇಳಿಯುವ ಮೊದಲು, ನಡುವಿನದನ್ನು ಕಳೆಯಬೇಡಿ ಎಂದಷ್ಟೇ ಕೇಳಿಕೊಂಡರು.

ಮುರಲೀಧರ ಅಂದು ರೀಲುಗಳನ್ನು ಕಟ್ಟಲಿಲ್ಲ. ಎಷ್ಟೋ ವರ್ಷ ಅವರು ತಾತ್ಯಾರನ್ನು ಎಲ್ಲರೆದುರು ಮಾತು ನೆನಪಿರದ ನಟ ಎಂದು ಆಡಿಕೊಂಡಿದ್ದರು. ಈಗ ಆ ಮುಖದ ಮೇಲೆ ಲಂಗೋಟಿ, ಪಾರಿವಾಳ ಅಂಟಿಸಿದ್ದು ಏತಕ್ಕೆ ಎಂಬುದು ಅವರೊಬ್ಬರಿಗೇ ಗೊತ್ತಿತ್ತು. ಟೇಪು ಅಳಿಸಿದ್ದು ಹೊರಗೆ ಬರಬಾರದು, ಅವರ ರೀಲಿನಲ್ಲಿ ತುಟಿ ತಪ್ಪಿತು ಎಂದೂ ಯಾರೂ ಅನ್ನಬಾರದು. ಆ ತುಂಡು ಹಾಗೇ ಉಳಿದರೆ ಅವರ ಹೆಸರು ಉಳಿಯುತ್ತಿತ್ತು. ವಾಪಸ್ಸು ಹಾಕಿದರೆ ಮಾತಿಲ್ಲದೆ ಬಾಯಾಡಿಸುವ ನಟನನ್ನು ಊರೂರಿಗೆ ಕಳಿಸಿದ ಎಡಿಟರ್ ಆಗುತ್ತಿದ್ದರು.

ಬೆಳಿಗ್ಗೆ ಅವರು ಪ್ರತಾಪನನ್ನು ಕರೆದುಕೊಂಡು ಧೋಂಡಿರಾಮ್ ಶೇಟ್‌ರ ಅಡತಿಗೆ ಹೋದರು. ಶೇಟ್ ಬೆಲ್ಲದ ಪೆಂಟೆಯನ್ನು ಉಗುರಿನಿಂದ ಕೆರೆದು ಬಣ್ಣ ನೋಡುತ್ತಿದ್ದರು. ಮುರಲೀಧರ ನಿಂತುಕೊಂಡೇ ಎಲ್ಲ ಹೇಳಿದರು. ಕೇಳದೆ ಅಳಿಸುವ ರೂಢಿ, ಖಾಲಿ ಟೇಪಿನ ಸುಳ್ಳು, ತಾನೂಬಾಯಿ ಹೇಳಿದ ಮಾತು, ಏನನ್ನೂ ಬಿಡಲಿಲ್ಲ.

“ಅಂದ್ರ ಆ ಹುಡುಗನ್ನ ನಾ ಸುಮ್ಮನ ಬೈದೆ” ಎಂದರು ಶೇಟ್.

“ಹೌದ್ರಿ.”

“ನಾ ಬೈಯುವಾಗ ನೀ ಎದುರಿಗೇ ಕೂತಿದ್ದಿ. ನಂದ ಚಾ ಕುಡಕೋತ.”

“ಹೌದ್ರಿ.”

ಪ್ರತಾಪನ ಮುಖ ಕೆಂಪಗಾಗಿತ್ತು. “ಅಣ್ಣಾ, ಆ ಕೈ, ಆ ಫೋಟೋ, ಕಥಿಗೆ ಚಂದ ಅಂತ ಹಾಕಿದ್ದಲ್ಲೇನು?”

“ನನ್ನ ತಪ್ಪ ಮುಚ್ಚಾಕ ಹಾಕಿದ್ದು. ಚಂದ ಆತು, ಅದು ಬ್ಯಾರೆ ಮಾತು.”

ಮುಖವನ್ನು ಪೂರ್ತಿ ಇಟ್ಟು, ಮೀರಜಿನವನ ದನಿ ತೆಗೆದು, ಗರಡಿಯ ಸದ್ದಷ್ಟೇ ಇಡಬೇಕೆಂದು ಮುರಲೀಧರ ಕೇಳಿಕೊಂಡರು. ಹೊರಗೆ ಯಾರೋ ಗುದ್ದಲಿಯಿಂದ ಮಣ್ಣು ಸಡಿಲಿಸುವ ಸದ್ದು, ಪಾರಿವಾಳದ ರೆಕ್ಕೆ, ಅಷ್ಟೇ. ಶೇಟ್ ಬೆಲ್ಲದ ಚೂರನ್ನು ಬಾಯಿಗೆ ಹಾಕಿಕೊಂಡು ಅವರನ್ನೇ ನೋಡಿದರು.

“ಒಬ್ಬಾಕಿ ಸಲುವಾಗಿ ಊರ ಮಂದಿಗೆಲ್ಲಾ ಮೂಕಿ ಸಿನಿಮಾ ತೋರಸೂದೇನು? ಕುರ್ಚಿ ಹರೀತಾರ ಮಂದಿ.”

ತಾನೂಬಾಯಿಗೆ ಬೇಕಾದರೆ ಒಂದು ಮುಂಜಾನೆ ಥಿಯೇಟರಿನವರನ್ನು ಕೇಳಿ ಅದೊಂದು ತುಂಡನ್ನು ಬೇರೆ ತೋರಿಸಿದರಾಯಿತು ಎಂದು ಪ್ರತಾಪ ಹೇಳಿದ. ಅದು ಸರಿಯಾದ ಮಾತೇ ಆಗಿತ್ತು. ಆಕೆಯ ಕೆಲಸ ಅಷ್ಟರಿಂದ ಆಗುತ್ತದೆ ಎಂದು ಮುರಲೀಧರ ಒಪ್ಪಿಕೊಂಡರು.

“ಖರೆ ತಾತ್ಯಾ ಆ ಮಾತು ಸಿನಿಮಾದಾಗ ಆಡ್ಯಾರ. ಸಿನಿಮಾದಾಗಿಂದ ನಾ ತಗದೀನಿ, ನನ್ನ ಮಾನ ಉಳಸ್ಕೊಳ್ಳಾಕ. ಕಥಿಗೆ ಬ್ಯಾಡಾಗಿದ್ರ ತಗಿತಿದ್ದೆ, ಮನಸಿಗೆ ಹತ್ತತಿರಲಿಲ್ಲ.”

ಅವರ ಮುಖ ನೋಡದೆ ಪ್ರತಾಪ ಪೆಂಟೆಗಳ ಸಾಲಿನತ್ತ ತಿರುಗಿದ. ತನಗೂ ಆ ಮುಖ ಪೂರ್ತಿ ಬೇಕೆಂದೇ ಇತ್ತು, ಕೇಳಿದಾಗ ನೀವು ಬೇಡವೆಂದಿರಿ ಎಂದ. ಶೇಟ್ ಇಬ್ಬರನ್ನೂ ಬೈದರು. ಬೈದು ಸುಸ್ತಾದ ಮೇಲೆ ಎರಡು ಷರತ್ತು ಹಾಕಿದರು. ಮದ್ರಾಸಿಗೆ ಫೋನ್ ಮಾಡಿ ತಪ್ಪು ತನ್ನದೆಂದು ಮುರಲೀಧರನೇ ಹೇಳಬೇಕು. ಜನ ಕೂಗಿದರೆ, ಊರೂರು ತಿರುಗಿ ಪ್ರತಿ ಪ್ರಿಂಟಿನಿಂದಲೂ ಆ ತುಂಡನ್ನು ಮುರಲೀಧರನೇ ಕತ್ತರಿಸಿ ಬರಬೇಕು.

ಮದ್ರಾಸಿನವನು ಎಲ್ಲವನ್ನೂ ಕೇಳಿಸಿಕೊಂಡು ಫೋನಿಟ್ಟ. ಅವನು ಮತ್ತೆ ಕೊಲ್ಹಾಪುರದ ಯಾವ ಸಿನಿಮಾಕ್ಕೂ ಬರಲಿಲ್ಲ.

ಬಿಡುಗಡೆಯ ದಿನ ಮಧ್ಯಾಹ್ನದ ಆಟಕ್ಕೆ ತಾನೂಬಾಯಿ ಇಸ್ತ್ರಿ ಮಾಡಿದ ಒಂಬತ್ತುಗಜದ ಸೀರೆಯುಟ್ಟು ಬಂದರು. ಒಂದು ಪಕ್ಕದಲ್ಲಿ ಮುರಲೀಧರ, ಹಿಂದಿನ ಸಾಲಿನಲ್ಲಿ ಶೇಟ್ ಮತ್ತು ಪ್ರತಾಪ. ಸಿನಿಮಾ ಚೆನ್ನಾಗಿಯೇ ನಡೆಯಿತು. ಕುಸ್ತಿ ಬಂದಾಗ ಜನ ಕುರ್ಚಿಯಿಂದ ಎದ್ದು ಶಿಳ್ಳೆ ಹೊಡೆದರು. ಆಮೇಲೆ ಉಸ್ತಾದ ಖಾಲಿ ಗರಡಿಗೆ ಬಂದು ಕೂತ. ದೊಡ್ಡ ಪರದೆಯ ಮೇಲೆ ತಾತ್ಯಾರ ಮುಖ. ತುಟಿ ಆಡತೊಡಗಿತು.

ಮೊದಲು ಜನ ಸುಮ್ಮನಿದ್ದರು. ಗುದ್ದಲಿಯ ಸದ್ದು ಕೇಳುತ್ತಿತ್ತು. ಆಮೇಲೆ ಹಿಂದಿನಿಂದ ಒಬ್ಬ “ಆವಾಜ್” ಎಂದ. ಇನ್ನೊಬ್ಬ ಪ್ರೊಜೆಕ್ಟರ್ ನಡೆಸುವವನ ತಾಯಿಯನ್ನು ನೆನೆದ. ಸ್ವಲ್ಪ ಹೊತ್ತಿಗೆ ಇಡೀ ಥಿಯೇಟರ್ “ಆವಾಜ್, ಆವಾಜ್” ಎಂದು ಕೂಗುತ್ತಾ ಕಾಲಿನಿಂದ ನೆಲ ಬಡಿಯುತ್ತಿತ್ತು. ಮುರಲೀಧರ ಕುರ್ಚಿಯಲ್ಲಿ ಕುಗ್ಗಿ ಕೂತರು. ತಾನೂಬಾಯಿಗೆ ಅದಾವುದೂ ಕೇಳುತ್ತಿರಲಿಲ್ಲ. ಅವರು ಕತ್ತು ಮುಂದೆ ಚಾಚಿ ನೋಡುತ್ತಿದ್ದರು. ಒಮ್ಮೆ ಜೋರಾಗಿ ನಕ್ಕರು. ಅಷ್ಟರಲ್ಲಿ ಮುಂದಿನ ಸಾಲಿನ ರುಮಾಲಿನವನೊಬ್ಬ ಎದ್ದು ನಿಂತು, ಹಿಂದೆ ತಿರುಗಿ ಕ್ಯಾಬಿನ್ನಿನತ್ತ ಕೈ ಬೀಸಿ ಬೈಯತೊಡಗಿದ. ಅವನು ಕೂರುವ ಹೊತ್ತಿಗೆ ತಾತ್ಯಾ ತುಟಿ ಮುಚ್ಚಿ ಮಣ್ಣನ್ನು ನೋಡುತ್ತಿದ್ದರು. ಪರದೆ ಬೆಳ್ಳಗಾಯಿತು.

“ಅರ್ಧ ತಿಳೀಲಿಲ್ಲ ಭಾವಜಿ” ಎಂದರು ತಾನೂಬಾಯಿ. “ಆ ಪಟಗಾದಾಂವ ಎದ್ದ ನಿಂತ.”

ಹೊರಗೆ ಥಿಯೇಟರಿನ ಮ್ಯಾನೇಜರ್ ಶೇಟ್‌ರನ್ನು ಹಿಡಿದುಕೊಂಡಿದ್ದ. ಇಂದಿನ ಮುಂದಿನ ಆಟಕ್ಕೇ ಆ ತುಂಡು ಹೋಗಬೇಕು, ಇಲ್ಲವಾದರೆ ನನ್ನ ಕ್ಯಾಬಿನ್ನಿನವನು ಕೆಲಸ ಬಿಡುತ್ತಾನೆ ಎನ್ನುತ್ತಿದ್ದ. ಮುರಲೀಧರ ಕತ್ತರಿ, ಸಿಮೆಂಟು ಜತೆಗೇ ತಂದಿದ್ದರು. ಶೇಟ್ ಅವರನ್ನು ನೋಡಿದರು, ಬಾಗಿಲ ಬಳಿ ಸೆರಗು ಹೊದ್ದು ನಿಂತಿದ್ದ ತಾನೂಬಾಯಿಯನ್ನು ನೋಡಿದರು. ಆಮೇಲೆ ಮ್ಯಾನೇಜರಿಗೆ, ನಾಳೆ ಮಧ್ಯಾಹ್ನದ ಆಟದವರೆಗೆ ಹೀಗೇ ಓಡಲಿ, ನಾಳಿನ ಆಟಕ್ಕೆ ಈಕೆಯ ಮುಂದಿನ ಸಾಲಿನ ಕುರ್ಚಿಗಳನ್ನು ಯಾರಿಗೂ ಕೊಡಬೇಡ, ನಾನು ತೆಗೆದುಕೊಂಡಿದ್ದೇನೆ ಎಂದು ಹೇಳಿದರು. ಅಷ್ಟೂ ಕುರ್ಚಿಗಳಲ್ಲಿ ಯಾರು ಕೂರುತ್ತಾರೆ ಎಂದು ಅವನು ಕೇಳಿದ.

“ನನ್ನ ಬೆಲ್ಲದ ಪೆಂಟಿ” ಎಂದರು ಶೇಟ್.

ಮರುದಿನ ತಾನೂಬಾಯಿಯ ಮುಂದಿನ ಸಾಲು ಖಾಲಿಯಿತ್ತು. ಜನ ಹಿಂದಿನ ದಿನದಂತೆಯೇ ಕೂಗಿದರು, ಯಾರೋ ಶೇಂಗಾ ಪೊಟ್ಟಣ ಎಸೆದರು. ತಾನೂಬಾಯಿ ಅದೇ ಜಾಗದಲ್ಲಿ ನಕ್ಕರು. ಆಮೇಲೆ ನಗು ನಿಂತಿತು. ತುಟಿಯ ಮೇಲೆ ಸೆರಗು ಒತ್ತಿಕೊಂಡರು. ಕೊನೆಗೆ ಅವರ ತುಟಿಯೂ ಆಡಿತು. ಏನೋ ಉತ್ತರ ಕೊಡುತ್ತಿದ್ದಂತೆ ಮುರಲೀಧರರಿಗೆ ಕಂಡಿತು. ಅವರಿಗೆ ತುಟಿ ಓದಲು ಬರುತ್ತಿರಲಿಲ್ಲ.

ದೀಪ ಹತ್ತಿದ ಮೇಲೆ ತಾನೂಬಾಯಿ ಸ್ವಲ್ಪ ಹೊತ್ತು ಕೂತೇ ಇದ್ದರು. ಆಮೇಲೆ ತಾವಾಗಿಯೇ ಹೇಳಿದರು.

“ಈ ಪ್ರತಾಪಗ ‘ಕಟ್’ ಅನ್ನಾಕ ಬಾಯಿ ಬರವಲ್ದು, ಕೂತ ಕೂತ ನನ್ನ ಮಣಕಾಲು ಸತ್ತಾವು ಅಂದಾರ. ಊಟಕ್ಕ ಕೊಟ್ಟ ಅನ್ನ ಅಂಟಿನಂಗ ಐತಿ, ಮುರ್ಲ್ಯಾನ ಟೇಬಲ್ಲಿಗೆ ಕಳಿಸಿದ್ರ ಫಿಲ್ಮ್ ಹಚ್ಚಾಕ ಆದೀತು ಅಂದಾರ.”

ಹಿಂದೆ ಪ್ರತಾಪ ತಲೆ ತಗ್ಗಿಸಿ ನಕ್ಕ. ನಗುತ್ತಲೇ ಕನ್ನಡಕ ತೆಗೆದು ಒರೆಸಿಕೊಂಡ.

“ಆಮ್ಯಾಲಿಂದು?” ಎಂದು ಶೇಟ್ ಎದುರಿಗೆ ಬಂದು ಕೇಳಿದರು.

“ಆಮ್ಯಾಲಿಂದು ಮನೀ ಮಾತು” ಎಂದರು ತಾನೂಬಾಯಿ. ಎದ್ದು, ಸೆರಗು ಸರಿಮಾಡಿಕೊಂಡು, ಮುರಲೀಧರರತ್ತ ತಿರುಗಿದರು. “ನನಗ ತಿಳೀತು ಭಾವಜಿ. ಇನ್ನ ನೀವು ನಿಮ್ಮ ಕೆಲಸ ಮಾಡ್ರಿ.”

ಮುರಲೀಧರ ಕ್ಯಾಬಿನ್ನಿನ ಕಬ್ಬಿಣದ ಮೆಟ್ಟಿಲು ಹತ್ತಿದರು. ಪ್ರೊಜೆಕ್ಟರ್ ನಡೆಸುವವನು ಕೊನೆಯ ರೀಲನ್ನು ಸುತ್ತಿ ಇಟ್ಟಿದ್ದ. ಅವರನ್ನು ನೋಡಿ, ಎರಡು ದಿನ ತನ್ನ ತಾಯಿಗೆ ಬಿದ್ದ ಬೈಗುಳಗಳನ್ನೆಲ್ಲ ಒಂದೊಂದಾಗಿ ಒಪ್ಪಿಸಿದ. ಮುರಲೀಧರ ಕೇಳಿಸಿಕೊಳ್ಳುತ್ತಲೇ ರೀಲು ಬಿಚ್ಚಿ, ತಾತ್ಯಾ ಬಾಯಿ ತೆರೆಯುವ ಜಾಗ ಹುಡುಕಿ ಕತ್ತರಿಸಿದರು, ತುಟಿ ಮುಚ್ಚುವ ಜಾಗ ಹುಡುಕಿ ಕತ್ತರಿಸಿದರು. ಎರಡೂ ತುದಿಗಳನ್ನು ಕೆರೆದು, ಸಿಮೆಂಟು ಹಚ್ಚಿ, ಒಣಗುವವರೆಗೆ ಬೆರಳಿನಿಂದ ಒತ್ತಿ ಹಿಡಿದು ನಿಂತರು.

ಸಂಜೆಯ ಆಟದಲ್ಲಿ ಯಾರೂ ಕೂಗಲಿಲ್ಲ. ಮರುದಿನ ಅವರು ಕತ್ತರಿ, ಸಿಮೆಂಟು ಹಿಡಿದು ಮೊದಲ ಬಸ್ಸಿಗೆ ಸಾಂಗ್ಲಿಗೆ ಹೋದರು, ಅಲ್ಲಿಂದ ಕರಾಡಕ್ಕೆ, ಸಾತಾರಾಕ್ಕೆ.